ಸಿ. ಆರ್. ಸ್ಮಿತ್

ಸೈರಸ್ ರೋಲೆಟ್ ಸ್ಮಿತ್ (9 ಸೆಪ್ಟೆಂಬರ್ 1899 – 4 ಏಪ್ರಿಲ್ 1990) ಅಮೆರಿಕ ಸಂಯುಕ್ತ ಸಂಸ್ಥಾನದ ವಿಮಾನಯಾನ ಉದ್ಯಮಿ. ಸಿ. ಆರ್. ಸ್ಮಿತ್ ಎಂಬ ಹೆಸರಿನಿಂದ ಪರಿಚಿತರಾದ ಇವರು 1934ರಿಂದ 1968ರವರೆಗೆ, ಎರಡನೆಯ ಮಹಾಯುದ್ಧದ ಕೆಲವು ವರ್ಷಗಳನ್ನು ಹೊರತುಪಡಿಸಿ, ಅಮೆರಿಕನ್ ಏರ್‌ಲೈನ್ಸ್ ಸಂಸ್ಥೆಯ ಮುಖ್ಯಸ್ಥರಾಗಿದ್ದರು. 1968–69ರಲ್ಲಿ ಅಧ್ಯಕ್ಷ ಲಿಂಡನ್ ಜಾನ್ಸನ್ ಅವರ ಸಂಪುಟದಲ್ಲಿ ವಾಣಿಜ್ಯ ಕಾರ್ಯದರ್ಶಿಯಾಗಿ ಸೇವೆ ಸಲ್ಲಿಸಿದರು. ಡಿಸಿ-3 ವಿಮಾನದ ನಿರ್ಮಾಣಕ್ಕೆ ಒತ್ತಾಸೆಯಾಗಿ ನಿಂತದ್ದು, ಅಡ್ಮಿರಲ್ಸ್ ಕ್ಲಬ್ಬಿನ ಸ್ಥಾಪನೆ ಮತ್ತು ಸೇಬರ್ ಎಂಬ ಗಣಕೀಕೃತ ಆಸನ ಕಾಯ್ದಿರಿಸುವ ವ್ಯವಸ್ಥೆ ಇವರ ಪ್ರಮುಖ ಕೊಡುಗೆಗಳು. ಪದೇ ಪದೇ ಪ್ರಯಾಣಿಸುವವರಿಗೆ ವಿಮಾನಯಾನ ಸಂಸ್ಥೆಗಳು ಇಂದು ನೀಡುತ್ತಿರುವ ವಿಶೇಷ ಸ್ಥಾನಮಾನದ ಮೂಲವನ್ನು ಇವುಗಳಲ್ಲಿ ಕೊನೆಯ ಎರಡರಲ್ಲಿ ಗುರುತಿಸಬಹುದು.

ಆರಂಭಿಕ ಜೀವನ

ಸ್ಮಿತ್ ಅವರು ಟೆಕ್ಸಾಸ್ ರಾಜ್ಯದ ಮಿನರ್ವಾ ಎಂಬ ಸಣ್ಣ ಊರಿನಲ್ಲಿ ಜನಿಸಿದರು. ಏಳು ಮಕ್ಕಳಲ್ಲಿ ಇವರೇ ಹಿರಿಯರು. ಇವರು ಚಿಕ್ಕವರಿದ್ದಾಗಲೇ ತಂದೆ ಮನೆ ಬಿಟ್ಟು ಹೋದುದರಿಂದ ಸಂಸಾರದ ಭಾರ ತಾಯಿಯ ಮೇಲೆ ಬಿದ್ದಿತು. ಹಿರಿಯ ಮಗ ಒಂಬತ್ತನೆಯ ವಯಸ್ಸಿನಲ್ಲಿಯೇ ಜಾನುವಾರು ವ್ಯಾಪಾರಿಯೊಬ್ಬರ ಕಚೇರಿಯಲ್ಲಿ ಕೆಲಸದ ಹುಡುಗನಾಗಿ ದುಡಿಯತೊಡಗಿದ. ಮುಂದೆ ಬ್ಯಾಂಕಿನಲ್ಲಿಯೂ ಹತ್ತಿಯ ಗಿರಣಿಯಲ್ಲಿಯೂ ಲೆಕ್ಕ ಬರೆಯುವ ಕೆಲಸ ಮಾಡಿದರು. ಪ್ರೌಢಶಾಲಾ ಶಿಕ್ಷಣ ಪೂರ್ಣಗೊಳ್ಳದಿದ್ದರೂ ಆಸ್ಟಿನ್ ನಗರದ ಟೆಕ್ಸಾಸ್ ವಿಶ್ವವಿದ್ಯಾಲಯದಲ್ಲಿ ವಾಣಿಜ್ಯ ವಿಷಯದ ಅಧ್ಯಯನಕ್ಕೆ ಪ್ರವೇಶ ಪಡೆದರು. ವ್ಯಾಸಂಗದ ಖರ್ಚಿಗಾಗಿ, ಸಂಭಾವ್ಯ ಗ್ರಾಹಕರ ಹೆಸರು ಮತ್ತು ವಿಳಾಸಗಳ ಪಟ್ಟಿಯನ್ನು ಸಿದ್ಧಪಡಿಸಿ ವ್ಯಾಪಾರಿ ಸಂಸ್ಥೆಗಳಿಗೆ ಮಾರುವ ಸಣ್ಣ ವ್ಯವಹಾರವನ್ನು ನಡೆಸುತ್ತಿದ್ದರು. ಗ್ರಾಹಕರ ಪಟ್ಟಿಗಿರುವ ಬೆಲೆ ಅವರಿಗೆ ವಿದ್ಯಾರ್ಥಿ ದೆಸೆಯಲ್ಲಿಯೇ ತಿಳಿದಿತ್ತು.

ವಿಮಾನಯಾನ ಕ್ಷೇತ್ರಕ್ಕೆ ಪ್ರವೇಶ

ವಿಶ್ವವಿದ್ಯಾಲಯದ ನಂತರ ಸ್ಮಿತ್ ಲೆಕ್ಕಪರಿಶೋಧನಾ ಸಂಸ್ಥೆಯೊಂದರಲ್ಲಿ ಕೆಲಸಕ್ಕೆ ಸೇರಿದರು. ಬಳಿಕ ಟೆಕ್ಸಾಸ್-ಲೂಸಿಯಾನ ಪವರ್ ಕಂಪನಿಯಲ್ಲಿ ಸಹಾಯಕ ಖಜಾಂಚಿಯಾದರು. ಈ ಕಂಪನಿಯ ಮುಖ್ಯಸ್ಥರಾಗಿದ್ದ ಎ. ಪಿ. ಬ್ಯಾರೆಟ್ 1928ರಲ್ಲಿ ಟೆಕ್ಸಾಸ್ ಏರ್ ಟ್ರಾನ್ಸ್‌ಪೋರ್ಟ್ ಎಂಬ ಅಂಚೆ ವಿಮಾನ ಸಂಸ್ಥೆಯನ್ನು ಕೊಂಡು, ಅದರ ಆಡಳಿತವನ್ನು ಸ್ಮಿತ್ ಅವರಿಗೆ ವಹಿಸಿದರು. ವಿಮಾನಗಳಲ್ಲಿ ಅವರಿಗೆ ಮೊದಲು ಆಸಕ್ತಿ ಇರಲಿಲ್ಲ. ಕೆಲಸಕ್ಕೆ ಇಳಿದ ಮೇಲೆ ವಿಮಾನ ಚಾಲನೆಯನ್ನೂ ಕಲಿತರು. ಈ ಸಂಸ್ಥೆಯು ಹಲವು ವಿಲೀನಗಳ ಮೂಲಕ 1930ರಲ್ಲಿ ರೂಪುಗೊಂಡ ಅಮೆರಿಕನ್ ಏರ್‌ವೇಸ್‌ನ ಭಾಗವಾಯಿತು.

1934ರಲ್ಲಿ ಅಮೆರಿಕದ ಸರ್ಕಾರವು ಅಂಚೆ ಸಾಗಣೆಯ ಗುತ್ತಿಗೆಗಳನ್ನು ರದ್ದುಗೊಳಿಸಿತು. ಆ ಬಳಿಕ ನಡೆದ ಪುನಾರಚನೆಯಲ್ಲಿ ಅಮೆರಿಕನ್ ಏರ್‌ಲೈನ್ಸ್ ಜನ್ಮ ತಾಳಿತು. ಅದೇ ವರ್ಷದ ಅಕ್ಟೋಬರ್‌ನಲ್ಲಿ, 35ನೆಯ ವಯಸ್ಸಿನಲ್ಲಿ, ಸ್ಮಿತ್ ಅದರ ಅಧ್ಯಕ್ಷರಾದರು.

ಡಿಸಿ-3 ವಿಮಾನ

ಆ ಕಾಲದ ವಿಮಾನ ಸಂಸ್ಥೆಗಳು ಬಹುಮಟ್ಟಿಗೆ ಅಂಚೆಯ ವರಮಾನವನ್ನೇ ಅವಲಂಬಿಸಿದ್ದವು. ಪ್ರಯಾಣಿಕರ ಹಣದಿಂದಲೇ ಸಂಸ್ಥೆ ನಡೆಯಬೇಕಾದರೆ ಹೆಚ್ಚು ಆಸನಗಳುಳ್ಳ ವಿಮಾನ ಬೇಕೆಂಬುದು ಸ್ಮಿತ್ ಅವರ ಅಭಿಪ್ರಾಯವಾಗಿತ್ತು. ಹದಿನಾಲ್ಕು ಆಸನಗಳ ಡಿಸಿ-2 ವಿಮಾನವನ್ನು ಅಗಲಿಸಿ, ಮಲಗುವ ಸೌಲಭ್ಯವುಳ್ಳ ಹೊಸ ವಿಮಾನವನ್ನು ನಿರ್ಮಿಸುವಂತೆ ಅವರು ತಯಾರಕ ಡೊನಾಲ್ಡ್ ಡಗ್ಲಾಸ್ ಅವರನ್ನು ಕೇಳಿಕೊಂಡರು. ಡಗ್ಲಾಸ್ ಮೊದಲು ಹಿಂಜರಿದರು. ದೀರ್ಘ ದೂರವಾಣಿ ಮಾತುಕತೆಯ ನಂತರ ಒಪ್ಪಿಕೊಂಡರು. ಖರೀದಿಗೆ ಬೇಕಾದ ಹಣ ಸಂಸ್ಥೆಯಲ್ಲಿ ಇರಲಿಲ್ಲ. ಅದನ್ನು ಸರ್ಕಾರಿ ಹಣಕಾಸು ನಿಗಮದಿಂದ ಸಾಲವಾಗಿ ಪಡೆಯಲಾಯಿತು.

ಈ ವಿಮಾನದ ಮೊದಲ ಹಾರಾಟ 1935ರ ಡಿಸೆಂಬರ್ 17ರಂದು ನಡೆಯಿತು. 1936ರ ಜೂನ್‌ನಲ್ಲಿ ಅಮೆರಿಕನ್ ಏರ್‌ಲೈನ್ಸ್ ಇದನ್ನು ನ್ಯೂಯಾರ್ಕ್–ಶಿಕಾಗೋ ಮಾರ್ಗದಲ್ಲಿ ಸೇವೆಗೆ ತಂದಿತು. ಹಗಲಿನ ಪ್ರಯಾಣಕ್ಕೆಂದು 21 ಆಸನಗಳನ್ನು ಅಳವಡಿಸಿದ ರೂಪವೇ ಡಿಸಿ-3. ಅಂಚೆಯ ನೆರವಿಲ್ಲದೆ, ಪ್ರಯಾಣಿಕರಿಂದಲೇ ಲಾಭ ತರಬಲ್ಲ ಮೊದಲ ವಿಮಾನವೆಂದು ಇದು ಹೆಸರಾಯಿತು.

ವಿಮಾನ ಸುಧಾರಿಸಿದರೂ ಹಾರುವ ಭಯ ಜನರಲ್ಲಿ ಉಳಿದೇ ಇತ್ತು. ಸಂಸ್ಥೆಗಳು ಆ ಮಾತನ್ನೇ ಎತ್ತದೆ ಜಾಹೀರಾತು ನೀಡುತ್ತಿದ್ದವು. 1937ರಲ್ಲಿ ಸ್ಮಿತ್ ತಮ್ಮ ಹೆಸರಿನಲ್ಲಿಯೇ ಜಾಹೀರಾತೊಂದನ್ನು ಪ್ರಕಟಿಸಿ, ಈ ಭಯವನ್ನು ನೇರವಾಗಿ ಪ್ರಸ್ತಾಪಿಸಿ ಚರ್ಚಿಸಿದರು. ಉದ್ಯಮದಲ್ಲಿ ಇದು ಅಪೂರ್ವವಾದ ನಡೆಯಾಗಿತ್ತು.

ಅಡ್ಮಿರಲ್ಸ್ ಕ್ಲಬ್

ವಿಮಾನ ಪ್ರಯಾಣಿಕರಲ್ಲಿ ಸಣ್ಣದೊಂದು ಗುಂಪು ಮಾತ್ರ ಮತ್ತೆ ಮತ್ತೆ ಪ್ರಯಾಣಿಸುತ್ತಿತ್ತು. ಇವರಲ್ಲಿ ಹೆಚ್ಚಿನವರು ವ್ಯಾಪಾರಸ್ಥರು. ಇವರನ್ನು ತಮ್ಮ ಸಂಸ್ಥೆಯಲ್ಲಿಯೇ ಉಳಿಸಿಕೊಳ್ಳುವುದು ಸ್ಮಿತ್ ಅವರ ಮುಖ್ಯ ಚಿಂತೆಯಾಗಿತ್ತು. 1936ರ ವೇಳೆಗೆ ವಿಮಾನ ಸಂಸ್ಥೆಗಳು ಸೇರಿ ಆರಂಭಿಸಿದ ಪ್ರಯಾಣ ಕಾರ್ಡಿನ ಯೋಜನೆಯಲ್ಲಿ ಅಮೆರಿಕನ್ ಏರ್‌ಲೈನ್ಸ್ ಮುಂದಾಳತ್ವ ವಹಿಸಿತ್ತು. 425 ಡಾಲರ್ ಠೇವಣಿಯಿಟ್ಟವರು ಈ ಕಾರ್ಡಿನ ಮೂಲಕ ಟಿಕೆಟನ್ನು ಸಾಲವಾಗಿ ಪಡೆಯಬಹುದಿತ್ತು.

ಸಂಸ್ಥೆಯು ತನ್ನ ವಿಮಾನಗಳನ್ನು ಫ್ಲ್ಯಾಗ್‌ಶಿಪ್, ಅಂದರೆ ಧ್ವಜನೌಕೆ, ಎಂದು ಕರೆಯುತ್ತಿತ್ತು. ಸ್ಮಿತ್ ಅವರಿಗೆ ಟೆಕ್ಸಾಸ್ ರೇಂಜರ್ ಎಂಬ ಗೌರವ ಪದವಿ ದೊರೆತ ಮೇಲೆ, ಇದೇ ಮಾದರಿಯಲ್ಲಿ ತಮ್ಮ ಆಯ್ದ ಪ್ರಯಾಣಿಕರನ್ನು ಈ ನೌಕಾಪಡೆಯ ಅಡ್ಮಿರಲ್‌ಗಳೆಂದು ನೇಮಿಸುವ ಯೋಚನೆ ಅವರಿಗೆ ಹೊಳೆಯಿತು. ಗಣ್ಯರು, ರಾಜಕಾರಣಿಗಳು ಮತ್ತು ಚಿತ್ರರಂಗದವರ ಜೊತೆಗೆ ಸಂಸ್ಥೆಯನ್ನು ನೆಚ್ಚಿಕೊಂಡಿದ್ದ ಸಾಮಾನ್ಯ ಪ್ರಯಾಣಿಕರೂ ಈ ಪಟ್ಟಿಯಲ್ಲಿದ್ದರು. ಮೊದಲಿಗೆ ಇದು ಕೇವಲ ಬಿರುದಾಗಿತ್ತು. 1939ರಲ್ಲಿ ನ್ಯೂಯಾರ್ಕಿನ ಲಾಗಾರ್ಡಿಯಾ ವಿಮಾನ ನಿಲ್ದಾಣ ಆರಂಭವಾದಾಗ, ಅಲ್ಲಿನ ಮೇಲಂತಸ್ತಿನ ಕೋಣೆಯನ್ನು ಬಾಡಿಗೆಗೆ ಪಡೆದು ಅಡ್ಮಿರಲ್ಸ್ ಕ್ಲಬ್ ತೆರೆಯಲಾಯಿತು. ವಿಮಾನ ನಿಲ್ದಾಣಗಳಲ್ಲಿ ಸಂಸ್ಥೆಗಳು ನಡೆಸುವ ವಿಶ್ರಾಂತಿ ಕೋಣೆಗಳಿಗೆ ಇದೇ ಮೊದಲ ಮಾದರಿ.

ಇಂತಹ ಗೌರವಕ್ಕೆ ವ್ಯಾವಹಾರಿಕ ಕಾರಣವೂ ಇತ್ತು. 1938ರ ಕಾಯಿದೆಯ ನಂತರ ಅಮೆರಿಕದಲ್ಲಿ ಮಾರ್ಗಗಳು ಮತ್ತು ಪ್ರಯಾಣ ದರಗಳು ಸರ್ಕಾರಿ ಮಂಡಳಿಯ ನಿಯಂತ್ರಣಕ್ಕೆ ಒಳಪಟ್ಟವು. ಒಂದೇ ಮಾರ್ಗದಲ್ಲಿ ಹಾರುವ ಸಂಸ್ಥೆಗಳು ದರ ಇಳಿಸಿ ಪೈಪೋಟಿ ನಡೆಸುವುದು ಕಷ್ಟವಾಗಿತ್ತು. ಆದ್ದರಿಂದ ಊಟೋಪಚಾರ, ಸೌಕರ್ಯ ಮತ್ತು ಮರ್ಯಾದೆಗಳೇ ಪೈಪೋಟಿಯ ಸಾಧನಗಳಾದವು.

ಕ್ಲಬ್ಬಿನ ದೋಷವೂ ಅದರ ಸ್ವರೂಪದಲ್ಲಿಯೇ ಇತ್ತು. ಸದಸ್ಯತ್ವಕ್ಕೆ ಅರ್ಜಿ ಸಲ್ಲಿಸುವ ಅವಕಾಶವಿರಲಿಲ್ಲ, ಸಂಸ್ಥೆಯೇ ಆಹ್ವಾನಿಸಬೇಕಿತ್ತು. ಎಷ್ಟು ಬಾರಿ ಪ್ರಯಾಣಿಸಿದರೆ ಆಹ್ವಾನ ದೊರೆಯುವುದೆಂಬ ನಿಯಮ ಪ್ರಯಾಣಿಕರ ಮುಂದೆ ಇರಲಿಲ್ಲ. ವರ್ಷವಿಡೀ ಹಾರಿದವನು ಹೊರಗುಳಿದು, ಪ್ರಸಿದ್ಧನಾದವನು ಒಳಗೆ ಹೋಗುವುದು ಸಾಧ್ಯವಿತ್ತು. ಕೊನೆಗೆ ಪ್ರಯಾಣಿಕರೊಬ್ಬರು ತಾರತಮ್ಯದ ವಿರುದ್ಧ ಮೊಕದ್ದಮೆ ಹೂಡಿದರು. ಆ ನಂತರ ಕ್ಲಬ್ಬಿನ ಸದಸ್ಯತ್ವವನ್ನು ಶುಲ್ಕ ಪಾವತಿಸುವವರಿಗೆ ತೆರೆಯಲಾಯಿತು.

ಎರಡನೆಯ ಮಹಾಯುದ್ಧ

1942ರಲ್ಲಿ ಸ್ಮಿತ್ ಸಂಸ್ಥೆಯ ಹುದ್ದೆಯನ್ನು ಬಿಟ್ಟು ಸೇನೆಯನ್ನು ಸೇರಿದರು. ವಾಯು ಸಾಗಣೆ ಕಮಾಂಡಿನಲ್ಲಿ ಜನರಲ್ ಹೆರಾಲ್ಡ್ ಜಾರ್ಜ್ ಅವರ ಉಪಮುಖ್ಯಸ್ಥರಾಗಿ ಕಾರ್ಯನಿರ್ವಹಿಸಿ, ಮೇಜರ್ ಜನರಲ್ ದರ್ಜೆಗೆ ಏರಿದರು. ಅಸ್ಸಾಮಿನ ವಿಮಾನ ನೆಲೆಗಳಿಂದ ಹಿಮಾಲಯದ ಪೂರ್ವದ ಶ್ರೇಣಿಗಳನ್ನು ದಾಟಿ ಚೀನಾಕ್ಕೆ ಸರಕು ಒಯ್ಯುವ, ಹಂಪ್ ಎಂದು ಹೆಸರಾದ ಅಪಾಯಕಾರಿ ಮಾರ್ಗದ ಹೊಣೆಯನ್ನು ಈ ಕಮಾಂಡ್ 1942ರ ಡಿಸೆಂಬರ್‌ನಲ್ಲಿ ವಹಿಸಿಕೊಂಡಿತು. ಯುದ್ಧ ಮುಗಿಯುವ ವೇಳೆಗೆ ಈ ಮಾರ್ಗದಲ್ಲಿ ಸಾಗಿದ ಸರಕು ಸುಮಾರು 6,50,000 ಟನ್. 1945ರಲ್ಲಿ ಸ್ಮಿತ್ ಅಮೆರಿಕನ್ ಏರ್‌ಲೈನ್ಸ್‌ಗೆ ಮರಳಿದರು.

ಸೇಬರ್ ವ್ಯವಸ್ಥೆ

ಯುದ್ಧಾನಂತರ ಪ್ರಯಾಣಿಕರ ಸಂಖ್ಯೆ ವೇಗವಾಗಿ ಬೆಳೆಯಿತು. ಆಸನ ಕಾಯ್ದಿರಿಸುವ ಕೆಲಸ ಮಾತ್ರ ಕಾಗದದ ಚೀಟಿಗಳಲ್ಲಿಯೇ ನಡೆಯುತ್ತಿತ್ತು. ಸಿಬ್ಬಂದಿ ತಿರುಗುವ ಪೆಟ್ಟಿಗೆಗಳಲ್ಲಿ ಜೋಡಿಸಿದ ಚೀಟಿಗಳನ್ನು ಹುಡುಕಿ ಗುರುತು ಹಾಕುತ್ತಿದ್ದರು. ಒಂದು ಟಿಕೆಟ್ ಕಾಯ್ದಿರಿಸುವ ಕೆಲಸ ಪೂರ್ಣಗೊಳ್ಳಲು ಸರಾಸರಿ 90 ನಿಮಿಷಗಳು ಹಿಡಿಯುತ್ತಿದ್ದವು. 1940ರ ದಶಕದಲ್ಲಿ ಬಂದ ರಿಸರ್ವೈಸರ್ ಎಂಬ ಯಂತ್ರವು ಯಾವ ವಿಮಾನದಲ್ಲಿ ಆಸನ ಉಳಿದಿದೆಯೆಂದು ತೋರಿಸುತ್ತಿತ್ತು. ಆದರೆ ಆ ಆಸನದಲ್ಲಿ ಕೂರುವವರು ಯಾರೆಂಬುದು ಅದಕ್ಕೆ ತಿಳಿಯುತ್ತಿರಲಿಲ್ಲ.

1953ರಲ್ಲಿ ಲಾಸ್ ಏಂಜಲೀಸ್‌ನಿಂದ ನ್ಯೂಯಾರ್ಕಿಗೆ ಹೊರಟ ವಿಮಾನದಲ್ಲಿ ಸ್ಮಿತ್ ಅವರ ಪಕ್ಕದ ಆಸನದಲ್ಲಿ ಐಬಿಎಂ ಕಂಪನಿಯ ಮಾರಾಟ ವಿಭಾಗದ ಬ್ಲೇರ್ ಸ್ಮಿತ್ ಕುಳಿತಿದ್ದರು. ಒಂದೇ ಹೆಸರಿನಿಂದ ಆರಂಭವಾದ ಪರಿಚಯ ಗಣಕಯಂತ್ರದ ಬಳಕೆಯ ಚರ್ಚೆಗೆ ತಿರುಗಿತು. ಎರಡೂ ಸಂಸ್ಥೆಗಳು ಹಲವು ವರ್ಷ ಜಂಟಿಯಾಗಿ ನಡೆಸಿದ ಅಧ್ಯಯನದ ಫಲವಾಗಿ ಸೇಬರ್ ವ್ಯವಸ್ಥೆ ರೂಪುಗೊಂಡಿತು. ನ್ಯೂಯಾರ್ಕ್ ರಾಜ್ಯದ ಬ್ರಯರ್‌ಕ್ಲಿಫ್ ಮ್ಯಾನರ್‌ನಲ್ಲಿ ಎರಡು ಐಬಿಎಂ 7090 ಗಣಕಯಂತ್ರಗಳನ್ನು ಸ್ಥಾಪಿಸಲಾಯಿತು. 1964ರ ವೇಳೆಗೆ ಸಂಸ್ಥೆಯ ಎಲ್ಲ ಕಾಯ್ದಿರಿಸುವಿಕೆಯೂ ಇದರ ಮೂಲಕವೇ ನಡೆಯತೊಡಗಿತು. ಪ್ರಯಾಣಿಕರ ಹೆಸರು, ದೂರವಾಣಿ ಸಂಖ್ಯೆ ಮತ್ತು ಪ್ರಯಾಣದ ವಿವರಗಳನ್ನು ಆಸನದೊಂದಿಗೆ ಜೋಡಿಸಿ ಇಡುವುದು ಇದರ ವಿಶೇಷವಾಗಿತ್ತು.

ಇದೇ ಅವಧಿಯಲ್ಲಿ, 1959ರ ಜನವರಿ 25ರಂದು, ಸಂಸ್ಥೆಯು ಬೋಯಿಂಗ್ 707 ಜೆಟ್ ವಿಮಾನದ ಸೇವೆಯನ್ನು ಲಾಸ್ ಏಂಜಲೀಸ್ ಮತ್ತು ನ್ಯೂಯಾರ್ಕ್ ನಡುವೆ ಆರಂಭಿಸಿತು.

ನಂತರದ ಜೀವನ

1968ರಲ್ಲಿ ಸ್ಮಿತ್ ಸಂಸ್ಥೆಯಿಂದ ನಿವೃತ್ತರಾಗಿ ವಾಣಿಜ್ಯ ಕಾರ್ಯದರ್ಶಿಯಾದರು. 1969ರ ಜನವರಿಯಲ್ಲಿ ಜಾನ್ಸನ್ ಸರ್ಕಾರದ ಅವಧಿ ಮುಗಿಯುವವರೆಗೆ ಆ ಹುದ್ದೆಯಲ್ಲಿದ್ದರು. ಅವರ ಉತ್ತರಾಧಿಕಾರಿಯಾಗಿದ್ದ ಜಾರ್ಜ್ ಸ್ಪೇಟರ್, ರಿಚರ್ಡ್ ನಿಕ್ಸನ್ ಅವರ ಚುನಾವಣಾ ನಿಧಿಗೆ ಸಂಸ್ಥೆಯಿಂದ ಅಕ್ರಮ ದೇಣಿಗೆ ನೀಡಿದ ಪ್ರಕರಣದ ಬಳಿಕ 1973ರಲ್ಲಿ ಹುದ್ದೆ ತೊರೆದರು. ಆಗ 74 ವರ್ಷದ ಸ್ಮಿತ್ ಅವರನ್ನು ಸಂಸ್ಥೆ ಮರಳಿ ಕರೆಯಿತು. 1974ರಲ್ಲಿ ಆಲ್ಬರ್ಟ್ ಕೇಸಿ ಅಧಿಕಾರ ವಹಿಸಿಕೊಳ್ಳುವವರೆಗೆ ಅವರು ಕೆಲವು ತಿಂಗಳು ಕಾರ್ಯಭಾರ ನಿರ್ವಹಿಸಿದರು. 1990ರಲ್ಲಿ ಮೇರಿಲ್ಯಾಂಡ್ ರಾಜ್ಯದ ಅನಾಪೊಲಿಸ್‌ನಲ್ಲಿ ನಿಧನರಾದರು. ಅವರ ಸಮಾಧಿ ಆರ್ಲಿಂಗ್ಟನ್ ರಾಷ್ಟ್ರೀಯ ಸ್ಮಶಾನದಲ್ಲಿದೆ.

ಪರಂಪರೆ

1978ರ ಕಾಯಿದೆಯು ಅಮೆರಿಕದ ವಿಮಾನಯಾನದ ಮೇಲಿದ್ದ ಸರ್ಕಾರಿ ನಿಯಂತ್ರಣವನ್ನು ತೆರವುಗೊಳಿಸಿತು. ದರದ ಪೈಪೋಟಿ ಆರಂಭವಾದಾಗ ಹಳೆಯ ಪ್ರಯಾಣಿಕರನ್ನು ಉಳಿಸಿಕೊಳ್ಳಲು ಅಮೆರಿಕನ್ ಏರ್‌ಲೈನ್ಸ್ 1981ರ ಮೇ 1ರಂದು ಎಅಡ್ವಾಂಟೇಜ್ ಎಂಬ ಯೋಜನೆಯನ್ನು ಜಾರಿಗೆ ತಂದಿತು. ಇದರ ಮೊದಲ ಸದಸ್ಯರನ್ನು ಆರಿಸಲು ಸ್ಮಿತ್ ಅವರ ಕಾಲದ ಎರಡೂ ವ್ಯವಸ್ಥೆಗಳು ನೆರವಾದವು. ಸೇಬರ್ ದಾಖಲೆಗಳಲ್ಲಿ ಮತ್ತೆ ಮತ್ತೆ ಕಾಣಿಸಿಕೊಂಡ ದೂರವಾಣಿ ಸಂಖ್ಯೆಗಳನ್ನು ಹುಡುಕಿ ಸುಮಾರು 1,30,000 ಪ್ರಯಾಣಿಕರನ್ನು ಗುರುತಿಸಲಾಯಿತು. ಅಡ್ಮಿರಲ್ಸ್ ಕ್ಲಬ್ಬಿನ ಸುಮಾರು 60,000 ಸದಸ್ಯರನ್ನು ಅವರೊಂದಿಗೆ ಸೇರಿಸಲಾಯಿತು.

ಇಂತಹ ಯೋಜನೆಗಳಲ್ಲಿ ಸ್ಥಾನಮಾನಕ್ಕೆ ಪ್ರಕಟಿತ ಅಳತೆ ಇತ್ತು. ಬಹುಕಾಲ ಒಂದು ವರ್ಷದಲ್ಲಿ 25,000 ಮೈಲಿ ಹಾರಿದವರಿಗೆ ಗೋಲ್ಡ್, 50,000 ಮೈಲಿಗೆ ಪ್ಲಾಟಿನಂ, 1,00,000 ಮೈಲಿಗೆ ಎಕ್ಸಿಕ್ಯುಟಿವ್ ಪ್ಲಾಟಿನಂ ಶ್ರೇಣಿ ದೊರೆಯುತ್ತಿತ್ತು. ಅಳತೆ ತಿಳಿದ ಮೇಲೆ ಪ್ರಯಾಣಿಕರು ಅದಕ್ಕೆ ತಕ್ಕಂತೆ ವಿಮಾನಗಳನ್ನು ಆರಿಸತೊಡಗಿದರು. ನ್ಯೂಯಾರ್ಕಿನಿಂದ ಲಾಸ್ ಏಂಜಲೀಸ್‌ಗೆ ನೇರ ದೂರ ಸುಮಾರು 2,475 ಮೈಲಿ. ಮಯಾಮಿಯ ಮೂಲಕ ಹೋದರೆ ಸುಮಾರು 3,430 ಮೈಲಿ. ಎರಡೂ ಮಾರ್ಗದ ದರ ಸಮೀಪದಲ್ಲಿದ್ದರೆ ಸುತ್ತು ಹಾದಿಯೇ ಲಾಭಕರವಾಗುತ್ತಿತ್ತು. ವರ್ಷಾಂತ್ಯದಲ್ಲಿ ಕೆಲವೇ ಸಾವಿರ ಮೈಲಿಗಳ ಕೊರತೆಯಿದ್ದವರು ಅದನ್ನು ತುಂಬಲೆಂದೇ ಕೈಗೊಳ್ಳುವ ಪ್ರಯಾಣಕ್ಕೆ ಮೈಲೇಜ್ ರನ್ ಎಂಬ ಹೆಸರು ಬಂದಿತು. ಮುಂದೆ ಸಂಸ್ಥೆಗಳು ದೂರದ ಬದಲು ಖರ್ಚು ಮಾಡಿದ ಹಣವನ್ನು ಪರಿಗಣಿಸತೊಡಗಿದವು. 2022ರಿಂದ ಅಮೆರಿಕನ್ ಏರ್‌ಲೈನ್ಸ್‌ನಲ್ಲಿ ಶ್ರೇಣಿಯನ್ನು ಲಾಯಲ್ಟಿ ಪಾಯಿಂಟ್ಸ್ ಆಧಾರದ ಮೇಲೆ ನಿರ್ಧರಿಸಲಾಗುತ್ತಿದೆ. ಇವುಗಳನ್ನು ಕ್ರೆಡಿಟ್ ಕಾರ್ಡಿನ ಖರ್ಚಿನಿಂದಲೂ ಗಳಿಸಬಹುದು.

ಹೀಗೆ ಸ್ಮಿತ್ ಅವರ ಕಾಲದಲ್ಲಿ ಸಂಸ್ಥೆಯ ಆಹ್ವಾನದಿಂದ ದೊರೆಯುತ್ತಿದ್ದ ಗೌರವವು ಯಂತ್ರದ ದಾಖಲೆಯಿಂದ ಗಳಿಸುವ ಹಕ್ಕಿನ ರೂಪ ಪಡೆಯಿತು. ಹೊರಗುಳಿದ ಪ್ರಯಾಣಿಕನಿಗೆ ಈಗ ತನಗೆ ಎಷ್ಟು ಕೊರತೆಯಿದೆ ಎಂಬುದಾದರೂ ತಿಳಿಯುತ್ತದೆ. ಆದರೆ ಅಳತೆಯನ್ನು ಬದಲಿಸುವ ಅಧಿಕಾರ ಇಂದಿಗೂ ಸಂಸ್ಥೆಗಳ ಕೈಯಲ್ಲಿಯೇ ಇದೆ.

ಸ್ಮರಣೆ

1974ರಲ್ಲಿ ಸ್ಮಿತ್ ಅವರ ಹೆಸರನ್ನು ಅಮೆರಿಕದ ರಾಷ್ಟ್ರೀಯ ವಿಮಾನಯಾನ ಗೌರವ ಪಟ್ಟಿಗೆ ಸೇರಿಸಲಾಯಿತು. ಟೆಕ್ಸಾಸ್ ರಾಜ್ಯದ ಫೋರ್ಟ್ ವರ್ತ್‌ನಲ್ಲಿ 1993ರಲ್ಲಿ ತೆರೆದ ಅಮೆರಿಕನ್ ಏರ್‌ಲೈನ್ಸ್ ಸಿ. ಆರ್. ಸ್ಮಿತ್ ವಸ್ತುಸಂಗ್ರಹಾಲಯವು ಅವರ ಹೆಸರನ್ನು ಹೊಂದಿದೆ. ಸಂಸ್ಥೆಯ ಸೇವೆಯಲ್ಲಿದ್ದ ಡಿಸಿ-3 ವಿಮಾನವೊಂದನ್ನು ಅಲ್ಲಿ ಪ್ರದರ್ಶನಕ್ಕೆ ಇಡಲಾಗಿದೆ.