ಆಟ ಮುಗಿದ ಮೇಲೆ ಗರಿಂಚಾ

ನಮ್ಮ ಬ್ಯಾಚಿನ ಕಬಡ್ಡಿ ತಂಡದ ನಾಯಕನನ್ನು ನೆನೆದಾಗಲೆಲ್ಲ ನನಗೆ ಬ್ರೆಜಿಲ್‌ನ ಫುಟ್‌ಬಾಲ್ ಆಟಗಾರ ಗರಿಂಚಾ ನೆನಪಾಗುತ್ತಾರೆ.

ಗರಿಂಚಾ ಹುಟ್ಟಿದ್ದು 1933ರಲ್ಲಿ, ಪೌ ಗ್ರಾಂಡೆ ಎಂಬ ಗಿರಣಿ ಊರಿನಲ್ಲಿ. ಮನೆಯಲ್ಲಿ ಬಡತನ, ತಂದೆಗೆ ಕುಡಿತ. ಅವರ ಕಾಲುಗಳೆರಡೂ ಸೊಟ್ಟ, ಒಂದು ಗಿಡ್ಡ. ಚಿಕ್ಕ ವಯಸ್ಸಿಗೇ ಬಟ್ಟೆ ಗಿರಣಿಯಲ್ಲಿ ದುಡಿದರು. ಅದೇ ಕಾಲುಗಳಿಂದ 1953ರಲ್ಲಿ ಬೊಟಾಫೊಗೊ ಕ್ಲಬ್ ಸೇರಿದರು. 1958ರಲ್ಲಿ ವಿಶ್ವಕಪ್ ಗೆದ್ದ ತಂಡದಲ್ಲಿದ್ದರು. 1962ರಲ್ಲಿ ಪೆಲೆ ಗಾಯಗೊಂಡು ಹೊರಗುಳಿದಾಗ ಇಡೀ ತಂಡದ ಭಾರ ಹೊತ್ತು ಮತ್ತೆ ಕಪ್ ಗೆಲ್ಲಿಸಿದರು. ಪೆಲೆ ಮತ್ತು ಅವರು ಜೊತೆಯಾಗಿ ಆಡಿದ ಒಂದು ಪಂದ್ಯವನ್ನೂ ಬ್ರೆಜಿಲ್ ಸೋಲಲಿಲ್ಲ.

ಮೈದಾನದ ಹೊರಗೆ ಮಾತ್ರ ಅವರು ಸೋಲುತ್ತಲೇ ಹೋದರು. ಮಂಡಿ ನೋವು ಬಿಡಲಿಲ್ಲ, ದುಡ್ಡು ಕೈಯಲ್ಲಿ ನಿಲ್ಲಲಿಲ್ಲ, ಮೊದಲ ಸಂಸಾರ ಮುರಿಯಿತು. 1969ರಲ್ಲಿ ಅವರು ಓಡಿಸುತ್ತಿದ್ದ ಕಾರು ಅಪಘಾತಕ್ಕೀಡಾಗಿ, ಬಾಳಸಂಗಾತಿ, ಗಾಯಕಿ ಎಲ್ಜಾ ಸೋರೆಸ್ ಅವರ ತಾಯಿ ತೀರಿಕೊಂಡರು. ಕುಡಿತ ಬಿಡಲಾಗಲಿಲ್ಲ. 1983ರ ಜನವರಿ 20ರಂದು, 49ನೇ ವಯಸ್ಸಿಗೇ, ಲಿವರ್ ಕೆಟ್ಟು ತೀರಿಕೊಂಡರು. ಅಂತಿಮ ದರ್ಶನಕ್ಕೆ ಮರಕಾನಾ ಕ್ರೀಡಾಂಗಣಕ್ಕೆ ಸಾವಿರಾರು ಜನ ಬಂದರು.

ನಮ್ಮ ನಾಯಕ ಪಿರಿಯಾಪಟ್ಟಣದಲ್ಲಿ ತಾಲ್ಲೂಕು ಪಂದ್ಯ ಗೆಲ್ಲಿಸಿದ ದಿನ ಅವನನ್ನು ಹೆಗಲ ಮೇಲೆ ಹೊತ್ತು ಮೆರೆಸಿದ್ದೆವು. ನಾನು ಬಿಇ ಓದಲು ಹೋದೆ. ಅವನು ಹೊಗೆಸೊಪ್ಪಿನ ಬ್ಯಾರನ್ನಿಗೆ ಬೆಂಕಿ ಹಾಕುವ ಕೂಲಿಗೆ ನಿಂತ. ಕುಡಿತ ಅವನನ್ನೂ ಹಿಡಿಯಿತು. ಗೊತ್ತಿದ್ದೂ ನಾನು ಒಂದು ಫೋನ್ ಮಾಡಲಿಲ್ಲ. ಅವನ ಮಣ್ಣಿಗೆ ಮಾತ್ರ ಎಲ್ಲರೂ ಹೋಗಿದ್ದೆವು.

ಸುವರ್ಣ ಮಹೋತ್ಸವಕ್ಕೆ ಬರುವ ಗೆಳೆಯರೇ, ಬಾರದೆ ಉಳಿದವರ ಮನೆಗೂ ಈ ಸಲ ಹೋಗಿ ಬರೋಣ.