ತೂತು ಕಾರ್ಡಿನ ನೇಕಾರ: ಜೋಸೆಫ್ ಮರಿ ಜಕಾರ್ಡ್

ಅಭ್ಯಾಸ ಬೋಧನೆಯ ಅವಧಿಯಲ್ಲಿ ಒಂಬತ್ತನೇ ತರಗತಿಯ ವಿಜ್ಞಾನ ಸಂಘಕ್ಕೆ ಕಂಪ್ಯೂಟರ್ ನಿಯಂತ್ರಿತ ಯಂತ್ರಗಳನ್ನು ಪರಿಚಯಿಸಲು ನಾನು ಆರಿಸಿಕೊಂಡದ್ದು ಕಂಪ್ಯೂಟರನ್ನೇ ಕಾಣದ ಒಬ್ಬ ನೇಕಾರನ ಜೀವನ.

ಜಕಾರ್ಡ್ 1752ರಲ್ಲಿ ಫ್ರಾನ್ಸಿನ ಲಿಯಾನ್ ನಗರದಲ್ಲಿ ಹುಟ್ಟಿದ. ತಂದೆ ರೇಷ್ಮೆ ನೇಕಾರ. ಶಾಲೆ ಕಾಣದ ಹುಡುಗನಿಗೆ ಹದಿಮೂರನೇ ವಯಸ್ಸಿನಲ್ಲಿ ಓದು ಕಲಿಸಿದ್ದು ಅಕ್ಕನ ಗಂಡ. ಅಂದಿನ ಚಿತ್ರ ನೇಯ್ಗೆಗೆ ನೇಕಾರನ ಜೊತೆಗೆ ಹಗ್ಗ ಎಳೆಯುವ ಒಬ್ಬ ಸಹಾಯಕ, ಹಲವೆಡೆ ಒಬ್ಬ ಹುಡುಗ, ಬೇಕಿತ್ತು. ಪ್ರತಿ ಸಾಲಿಗೂ ಯಾವ ಹಾಸಿನ ಎಳೆಗಳು ಮೇಲೇಳಬೇಕೆಂದು ನಿರ್ಧರಿಸುತ್ತಿದ್ದುದು ಆ ಕೈಗಳೇ. ದಿನವಿಡೀ ಅದೇ ದುಡಿಮೆ.

1793ರಲ್ಲಿ ಜಕಾರ್ಡ್ ಮಗನೊಂದಿಗೆ ಲಿಯಾನ್ ರಕ್ಷಣೆಗೆ ಹೋರಾಡಿದ. ಮುಂದೆ ಆ ಮಗ ಯುದ್ಧದಲ್ಲಿ ಮಡಿದ. ಬದುಕು ಚದುರಿದರೂ ಆತ ಮಗ್ಗವನ್ನು ಬಿಡಲಿಲ್ಲ. ಬುಶಾನ್, ಫಾಲ್ಕನ್, ವೊಕಾನ್ಸನ್ ಅವರು ಮೊದಲೇ ಮಾಡಿದ್ದ ಪ್ರಯತ್ನಗಳನ್ನು ಒಗ್ಗೂಡಿಸಿ 1804ರಲ್ಲಿ ತನ್ನ ಯಂತ್ರವನ್ನು ರೂಪಿಸಿದ.

ಅದರ ತತ್ತ್ವ ಸರಳ. ನೇಯ್ಗೆಯ ಒಂದು ಸಾಲಿಗೆ ಒಂದು ರಟ್ಟಿನ ಕಾರ್ಡು. ತೂತಿದ್ದಲ್ಲಿ ಸೂಜಿ ಒಳಹೊಗುತ್ತದೆ, ಅದರ ಕೊಕ್ಕೆ ಎಳೆಯನ್ನು ಎತ್ತುತ್ತದೆ. ತೂತಿಲ್ಲದಲ್ಲಿ ಸೂಜಿ ಹಿಂದೆ ಸರಿದು ಎಳೆ ಕೆಳಗೇ ಉಳಿಯುತ್ತದೆ. ಕಾರ್ಡಿನ ಸರಪಳಿ ಬದಲಿಸಿದರೆ ವಿನ್ಯಾಸ ಬದಲು, ಮಗ್ಗ ಅದೇ.

1805ರಲ್ಲಿ ಸರ್ಕಾರ ಆ ಮಗ್ಗವನ್ನು ಸಾರ್ವಜನಿಕ ಸ್ವತ್ತೆಂದು ಘೋಷಿಸಿ ಜಕಾರ್ಡ್‌ಗೆ ಪಿಂಚಣಿ ಕೊಟ್ಟಿತು. ಕೆಲಸ ಹೋಗುವುದೆಂಬ ಭಯದಿಂದ ನೇಕಾರರು ವಿರೋಧಿಸಿದರು. ಆದರೂ 1812ರ ಹೊತ್ತಿಗೆ ಫ್ರಾನ್ಸಿನಲ್ಲಿ ಸುಮಾರು 11,000 ಮಗ್ಗಗಳಿದ್ದವು. 1834ರಲ್ಲಿ ಆತ ತೀರಿಕೊಂಡ.

1952ರಲ್ಲಿ ಅಮೆರಿಕದ ಎಂಐಟಿಯಲ್ಲಿ ಪ್ರದರ್ಶಿಸಿದ ಮಿಲ್ಲಿಂಗ್ ಯಂತ್ರವೂ ತೂತಿನ ಟೇಪಿನಿಂದಲೇ ಆದೇಶ ಪಡೆಯಿತು. ವ್ಯತ್ಯಾಸವಿಷ್ಟೇ: ಕಾರ್ಡು ಆದೇಶ ಕೊಟ್ಟು ಸುಮ್ಮನಾಗುತ್ತದೆ, ಇಂತಹ ಯಂತ್ರದಲ್ಲಿ ಉಪಕರಣ ನಿಜವಾಗಿ ಎಲ್ಲಿ ನಿಂತಿದೆ ಎಂಬ ಅಳತೆ ಮರಳಿ ಬರುತ್ತದೆ, ಆದೇಶದೊಂದಿಗೆ ತಾಳೆಯಾಗುತ್ತದೆ, ತಪ್ಪು ತಿದ್ದಲ್ಪಡುತ್ತದೆ. ಇಂದಿನ ಸಿಎನ್‌ಸಿಯಲ್ಲಿ ಟೇಪಿನ ಜಾಗದಲ್ಲಿ ಕಂಪ್ಯೂಟರಿನ ಸ್ಮೃತಿಯಿದೆ.

ಬೋಧನೆಗೆ ನಾನು ಬಳಸಿದ ಉಪಕರಣ ಎಂಟು ಚೌಕ ಉದ್ದ, ಎಂಟು ಚೌಕ ಅಗಲದ ಗ್ರಾಫ್ ಹಾಳೆ. ತೂತಿಗೆ ಒಂದು, ಇಲ್ಲದಿದ್ದರೆ ಸೊನ್ನೆ. ಮಕ್ಕಳು ತಾವೇ ಹೂವಿನ ಆದೇಶ ಬರೆದು ಪಕ್ಕದವರಿಗೆ ಓದಿ ಹೇಳಿದರು. ಪಕ್ಕದವರು ಹೂ ಬಿಡಿಸಿದರು. ಆಗ ನೇಕಾರರ ಮನೆಯ ವಿದ್ಯಾರ್ಥಿನಿಯೊಬ್ಬಳು ಎದ್ದು, ಹಗ್ಗ ಎಳೆಯುತ್ತಿದ್ದವರೆಲ್ಲ ಮುಂದೆ ಏನಾದರು ಎಂದು ಕೇಳಿದಳು. ಈ ಪ್ರಶ್ನೆ ನನ್ನ ಪಾಠಯೋಜನೆಯಲ್ಲಿ ಇರಲಿಲ್ಲ. ಮುಂದಿನ ಪಾಠದಲ್ಲಿ ಅದಕ್ಕೇ ಹತ್ತು ನಿಮಿಷ ಮೀಸಲಿಟ್ಟಿದ್ದೇನೆ.