ಹೊನ್ನಾವರದಿಂದ ನ್ಯಾಯಪೀಠಕ್ಕೆ

ನಮ್ಮ ಉಮ್ಮಚಗಿಯ ಸುತ್ತಿನ ತೋಟ, ಬೆಟ್ಟಗಳ ವ್ಯಾಜ್ಯಗಳು 1956ರವರೆಗೂ ಮೇಲ್ಮನವಿಗೆ ಹೋಗುತ್ತಿದ್ದುದು ದೂರದ ಮುಂಬಯಿಯ ಹೈಕೋರ್ಟಿಗೆ. ಆ ಪೀಠದಲ್ಲಿ ನಮ್ಮ ಜಿಲ್ಲೆಯವರೇ ಒಬ್ಬರು ಹತ್ತು ವರ್ಷಕ್ಕೂ ಮೀರಿ ಕುಳಿತಿದ್ದರೆಂದು ಹೇಳಿದರೆ ಇಂದಿನ ವಿದ್ಯಾರ್ಥಿಗಳು ಬೆರಗಾಗುತ್ತಾರೆ. ಸರ್ ನಾರಾಯಣ ಗಣೇಶ ಚಂದಾವರಕರರ ಹೆಸರು ಮುಂಬಯಿಯಲ್ಲಿ ಉಳಿದಷ್ಟು ನಮ್ಮಲ್ಲಿ ಉಳಿಯಲಿಲ್ಲ.

ಅವರು ಹುಟ್ಟಿದ್ದು 1855ರಲ್ಲಿ, ಹೊನ್ನಾವರದಲ್ಲಿ. ಆಗ ಕನ್ನಡ ಜಿಲ್ಲೆ ಮದರಾಸು ಪ್ರಾಂತಕ್ಕೆ ಸೇರಿತ್ತು. 1862ರಲ್ಲಿ ಉತ್ತರ ಭಾಗವನ್ನು ಮುಂಬಯಿಗೆ ಸೇರಿಸಿದರು. ಮುಂಬಯಿಯ ಹೈಕೋರ್ಟು ಸ್ಥಾಪನೆಯಾದದ್ದೂ ಅದೇ ವರ್ಷ. ಆ ಒಂದು ಗೆರೆ ಬದಲಾದುದರಿಂದ ಕರಾವಳಿಯ ಜಾಣ ಹುಡುಗರ ದಾರಿಯೂ ಬದಲಾಯಿತು. ಸೋದರಮಾವ ಶಾಮರಾವ ವಿಠಲ ಕಾಯ್ಕಿಣಿಯವರ ಆಸರೆಯಲ್ಲಿ ಬಾಲಕ ನಾರಾಯಣ ಮುಂಬಯಿ ಸೇರಿ, ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಓದಿ, 1881ರಲ್ಲಿ ಕಾನೂನು ಪದವಿ ಪಡೆದರು. ವಕೀಲಿಯ ಜೊತೆಗೆ ಇಂದುಪ್ರಕಾಶ ಪತ್ರಿಕೆಯ ಇಂಗ್ಲಿಷ್ ವಿಭಾಗದ ಸಂಪಾದಕತ್ವವೂ ಸುಮಾರು ಹತ್ತು ವರ್ಷ ನಡೆಯಿತು.

1885ರಲ್ಲಿ ಇಂಗ್ಲೆಂಡಿನ ಸಾರ್ವತ್ರಿಕ ಚುನಾವಣೆಯ ಸಮಯಕ್ಕೆ ಭಾರತದ ಅಹವಾಲನ್ನು ಅಲ್ಲಿನ ಮತದಾರರ ಮುಂದಿಡಲು ಮೂವರು ಹೋದರು: ಬಂಗಾಳದಿಂದ ಮನಮೋಹನ ಘೋಷ್, ಮದರಾಸಿನಿಂದ ರಾಮಸ್ವಾಮಿ ಮೊದಲಿಯಾರ್, ಮುಂಬಯಿಯಿಂದ ಚಂದಾವರಕರ್. ಆ ವರ್ಷದ ಕೊನೆಗೆ ಕಾಂಗ್ರೆಸ್ಸು ಹುಟ್ಟಿತು. ಹದಿನೈದು ವರ್ಷಗಳ ಮೇಲೆ, 1900ರಲ್ಲಿ, ಲಾಹೋರಿನ ಅಧಿವೇಶನದ ಅಧ್ಯಕ್ಷಪೀಠ ಅವರದಾಯಿತು. ಮರುವರ್ಷದ ಜನವರಿಯಲ್ಲಿ ನ್ಯಾಯಮೂರ್ತಿ ರಾನಡೆಯವರು ತೀರಿಕೊಂಡರು. ಅವರ ತೆರವಾದ ಸ್ಥಾನಕ್ಕೆ ಚಂದಾವರಕರರು ಬಂದರು. ಪ್ರಾರ್ಥನಾ ಸಮಾಜದ ನೇತೃತ್ವವೂ ಅವರ ಹೆಗಲೇರಿತು. ಜಮಖಂಡಿಯಲ್ಲಿ ಹುಟ್ಟಿದ ವಿಠ್ಠಲ ರಾಮಜಿ ಶಿಂದೆಯವರು 1906ರಲ್ಲಿ ಅಸ್ಪೃಶ್ಯರ ವಿದ್ಯಾಭ್ಯಾಸಕ್ಕೆಂದು ಸಂಸ್ಥೆ ಕಟ್ಟಿದಾಗ ಅದರ ಅಧ್ಯಕ್ಷರಾಗಿ ನಿಂತವರೂ ಇವರೇ.

ಇಲ್ಲಿಯವರೆಗಿನ ಕಥೆ ಸುಗಮ. ಮುಂದಿನದನ್ನು ಬರೆಯುವಾಗ ನನ್ನ ಲೇಖನಿ ತಡೆಯುತ್ತದೆ. 1909ರಲ್ಲಿ ಗಣೇಶ ದಾಮೋದರ ಸಾವರಕರರಿಗೆ ಮರಾಠಿ ಪದ್ಯಗಳನ್ನು ಪ್ರಕಟಿಸಿದ್ದಕ್ಕಾಗಿ ಆಜೀವ ಕರಿನೀರಿನ ಶಿಕ್ಷೆಯಾಗಿತ್ತು. ಅವರ ಮೇಲ್ಮನವಿಯನ್ನು ತಳ್ಳಿಹಾಕಿದ ಪೀಠದಲ್ಲಿ ಚಂದಾವರಕರರಿದ್ದರು. 1910ರಲ್ಲಿ ತಮ್ಮ ವಿನಾಯಕರನ್ನೂ ಅದೇ ಶಿಕ್ಷೆಗೆ ಕಳುಹಿಸಿದ ಮೂವರ ವಿಶೇಷ ನ್ಯಾಯಮಂಡಲಿಯಲ್ಲಿಯೂ ಇದ್ದರು. ಸರ್ ಪದವಿ ಬಂದುದೂ ಅದೇ ವರ್ಷ. 1918ರಲ್ಲಿ ಬಂಗಾಳದ ಬಂಧಿತರ ಕಾಗದಪತ್ರಗಳನ್ನು ಪರಿಶೀಲಿಸಿದ ಇಬ್ಬರಲ್ಲಿ ಒಬ್ಬರಾಗಿ, 806 ಪ್ರಕರಣಗಳಲ್ಲಿ ಬಿಡುಗಡೆಗೆ ಯೋಗ್ಯವೆಂದು ಕಂಡದ್ದು ಕೇವಲ 6.

ಇದು ಪದವಿಯ ಆಸೆಯೆಂದು ಹೇಳಿ ಮುಗಿಸುವುದು ಸುಲಭ. ಆದರೆ ಜಲಿಯನ್‌ವಾಲಾ ಬಾಗಿನ ಹತ್ಯೆಯ ಮೇಲಿನ ಹಂಟರ್ ಸಮಿತಿಯ ವರದಿಯನ್ನು ಖಂಡಿಸಲು 1920ರಲ್ಲಿ ಮುಂಬಯಿಯಲ್ಲಿ ಸೇರಿದ ಸಭೆಗೆ ಅಧ್ಯಕ್ಷರಾದವರೂ ಇವರೇ. ಬಾಂಬನ್ನು ಒಪ್ಪದವರು ಸರಕಾರದ ಗುಂಡನ್ನೂ ಒಪ್ಪಲಿಲ್ಲ. ಅವರು ನಂಬಿದ್ದು ಕಾನೂನನ್ನು. ಆ ಕಾನೂನನ್ನು ಬರೆದವರು ಯಾರೆಂಬ ಪ್ರಶ್ನೆಯನ್ನು ಅವರು ಕೇಳಿಕೊಂಡದ್ದು ಸಾಲದು ಎಂಬುದೊಂದೇ ನನ್ನ ಆಕ್ಷೇಪ. 1921ರಲ್ಲಿ ಮುಂಬಯಿ ಶಾಸನಸಭೆಯ ಅಧ್ಯಕ್ಷರಾದ ಅವರು 1923ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಹತ್ತು ವರ್ಷವೂ ಕಳೆದಿರಲಿಲ್ಲ; ಇದೇ ಜಿಲ್ಲೆಯ ಸಿದ್ದಾಪುರ, ಅಂಕೋಲೆಗಳ ರೈತರು ಕರ ನಿರಾಕರಿಸಿ, ಜಪ್ತಿಗೆ ಎದೆಯೊಡ್ಡಿ, ಭೂಮಿ ಕಳೆದುಕೊಂಡರು. ಅವರು ಹಿಡಿದದ್ದು ಚಂದಾವರಕರರು ತುಳಿಯದ ದಾರಿ. ಆದರೆ ಜಪ್ತಾದ ಭೂಮಿಯನ್ನು ಹಿಂದಿರುಗಿಸುವ ಕೆಲಸ ನಡೆದದ್ದು 1937ರ ಚುನಾವಣೆಯ ಬಳಿಕ, ಮುಂಬಯಿಯ ಶಾಸನಸಭೆ ಮಾಡಿದ ಕಾಯಿದೆಯಿಂದ. ಜೈಲಿಗೆ ಹೋದ ಒಕ್ಕಲಿಗನೂ ಪೀಠದಲ್ಲಿ ಕುಳಿತ ನ್ಯಾಯಮೂರ್ತಿಯೂ ಒಬ್ಬರನ್ನೊಬ್ಬರು ಮೆಚ್ಚುತ್ತಿದ್ದರೋ ಇಲ್ಲವೋ, ನಮ್ಮ ಜಿಲ್ಲೆಯ ಋಣ ಇಬ್ಬರಿಗೂ ಸಲ್ಲಬೇಕು.